ಪರರಾಜ್ಯದಲ್ಲಿ ಪಡಿತರ: ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ನಮ್ಮದು ಯಾದಗಿರಿ ಜಿಲ್ಲೆಯ ಬಿಪಿಎಲ್ ಕಾರ್ಡ್, ಐದು ಜನರ ಹೆಸರಿದೆ. ನಾನೂ ಮಗನೂ ಪುಣೆಯಲ್ಲಿ ಗಾರೆ ಕೆಲಸಕ್ಕಿದ್ದೇವೆ, ಉಳಿದ ಮೂವರು ಊರಲ್ಲಿದ್ದಾರೆ. ಇಲ್ಲಿನ ಅಂಗಡಿಯವರು ‘ಮಹಾರಾಷ್ಟ್ರದ ಕಾರ್ಡ್ ತನ್ನಿ’ ಎನ್ನುತ್ತಾರೆ. ನಮ್ಮ ಪಾಲು ಇಲ್ಲಿ ಸಿಗುವುದಿಲ್ಲವೇ?

ಉತ್ತರ: ಖಂಡಿತ ಸಿಗಬೇಕು. ಅಂಗಡಿಯವರು ಹೇಳಿದ್ದು ತಪ್ಪು. ‘ಒಂದು ದೇಶ, ಒಂದು ಪಡಿತರ ಚೀಟಿ’ ವ್ಯವಸ್ಥೆಗೆ ಕರ್ನಾಟಕ, ಮಹಾರಾಷ್ಟ್ರ ಎರಡೂ 2020ರ ಜನವರಿ ಹೊತ್ತಿಗೇ ಸೇರಿದ್ದವು. 2022ರಲ್ಲಿ ಅಸ್ಸಾಂ ಬಂದ ಮೇಲೆ ಯಾವ ರಾಜ್ಯವೂ ಹೊರಗುಳಿದಿಲ್ಲ. ಇ-ಪಾಸ್ ಯಂತ್ರ (ಬೆರಳಚ್ಚು ಓದಿ ಪಡಿತರ ದಾಖಲಿಸುವ ಯಂತ್ರ) ಇರುವ ಯಾವುದೇ ನ್ಯಾಯಬೆಲೆ ಅಂಗಡಿಗೆ ಹೋಗಿ ಕಾರ್ಡ್ ನಂಬರನ್ನೋ ಆಧಾರ್ ನಂಬರನ್ನೋ ಹೇಳಿ ಬೆರಳು ಕೊಡಿ. ಪುಣೆಯ ವಿಳಾಸದ ದಾಖಲೆ ಬೇಕಿಲ್ಲ. ಕಾರ್ಡ್ ಊರಲ್ಲೇ ಇರಲಿ. ಆದರೆ ಬೆರಳು ಕೊಡುವವರ ಆಧಾರ್ ಆ ಕಾರ್ಡಿಗೆ ಜೋಡಣೆಯಾಗಿರಲೇಬೇಕು.

ಇನ್ನು ಲೆಕ್ಕ. ನಿಮ್ಮಂಥ ಬಿಪಿಎಲ್ ಕಾರ್ಡಿನವರಿಗೆ, ಅಂದರೆ ಕಾಯ್ದೆಯ ಮಾತಿನಲ್ಲಿ ‘ಆದ್ಯತಾ ಕುಟುಂಬ’ಕ್ಕೆ, ತಲೆಗೆ ತಿಂಗಳಿಗೆ 5 ಕೆಜಿ, ನಿಮ್ಮ ಕಾರ್ಡಿಗೆ ಒಟ್ಟು 25. ನೀವಿಬ್ಬರು 10 ಕೆಜಿ ಎತ್ತಿದರೆ ಉಳಿದ 15 ಕೆಜಿಯನ್ನು ಅದೇ ತಿಂಗಳು ಊರಿನವರು ಪಡೆಯಬಹುದು. ಎಡವಟ್ಟಾಗುವುದು ಇಲ್ಲೇ. ಯಂತ್ರ ನೋಡುವುದು ಕಾರ್ಡಿನ ಒಟ್ಟು ಬಾಕಿಯನ್ನು; ಅದರಲ್ಲಿ ನಿಮ್ಮದೆಷ್ಟು, ಹೆಂಡತಿಯದೆಷ್ಟು ಎಂದು ಅದು ಭಾಗ ಮಾಡುವುದಿಲ್ಲ. ಅಂಗಡಿಯವರು ಪೂರ್ತಿ 25 ಎಂದು ಒತ್ತಿಬಿಟ್ಟರೆ ಊರಲ್ಲಿ ಆ ತಿಂಗಳು ಬರಿಗೈ. ಆದ್ದರಿಂದ ಬೆರಳಿಡುವ ಮೊದಲೇ ‘ಹತ್ತೇ ಕಿಲೋ’ ಎಂದು ಹೇಳಿ, ಪರದೆ ನೋಡಿ, ರಸೀದಿ ಕೇಳಿ ಪಡೆದು ಅದರಲ್ಲಿನ ಅಂಕಿ ಓದಿಕೊಳ್ಳಿ. ಕಡುಬಡವರಿಗೆ ಕೊಡುವ ಅಂತ್ಯೋದಯ ಕಾರ್ಡಾದರೆ ತಲೆಲೆಕ್ಕವಿಲ್ಲ, ಇಡೀ ಮನೆಗೆ 35 ಕೆಜಿ. ಅದನ್ನು ಹೇಗೆ ಹಂಚಿಕೊಳ್ಳುತ್ತೀರೆಂದು ಫೋನಿನಲ್ಲೇ ಮೊದಲು ಮಾತಾಡಿಕೊಳ್ಳಿ.

ಗಡಿಯಾಚೆ ಸಿಗುವುದು ಆಹಾರ ಭದ್ರತಾ ಕಾಯ್ದೆಯ ಕೇಂದ್ರದ ಪಾಲು ಮಾತ್ರ. ಅನ್ನಭಾಗ್ಯದಡಿ ಕರ್ನಾಟಕ ಸರ್ಕಾರ ಮೇಲೆ ಸೇರಿಸಿ ಕೊಡುವುದನ್ನು ಪುಣೆಯಲ್ಲಿ ಕೇಳಿದರೆ ಸಿಗದು. ಧಾನ್ಯವೂ ಅಲ್ಲಿ ಹಂಚುವಂಥದ್ದೇ: ಅಕ್ಕಿಯ ಜೊತೆ ಗೋಧಿ ಬರಬಹುದು. 2023ರ ಜನವರಿಯಿಂದ ಈ ಪಾಲು ಪೂರ್ತಿ ಉಚಿತ, ಕಿಲೋಗೆ ಇಷ್ಟು ಎಂದು ಯಾರೂ ವಸೂಲಿ ಮಾಡುವಂತಿಲ್ಲ. ದುಡ್ಡು ಕೇಳಿದರೆ, ಇಲ್ಲವೇ ‘ಹೊರಗಿನವರಿಗೆ ಕೊಡಲ್ಲ’ ಎಂದರೆ ಪಡಿತರ ಸಹಾಯವಾಣಿ 14445 ಅಥವಾ 1967ಕ್ಕೆ ಕರೆಮಾಡಿ. ತಿಂಗಳ ಕೊನೆಗೆ ಹೋದರೆ ‘ಸ್ಟಾಕ್ ಮುಗಿದಿದೆ’ ಎಂಬ ಉತ್ತರ ಸಿಗುವುದು ಹೆಚ್ಚು. ವಿತರಣೆ ಶುರುವಾದ ಕೂಡಲೇ ಹೋಗಿ.

ಪ್ರಶ್ನೆ: ಸಿಮೆಂಟ್ ಕೆಲಸದಿಂದ ಹೆಬ್ಬೆರಳು ಸವೆದು ಯಂತ್ರ ತೆಗೆದುಕೊಳ್ಳುತ್ತಿಲ್ಲ. ಏನು ಮಾಡಲಿ?

ಉತ್ತರ: ಹೆಬ್ಬೆರಳನ್ನೇ ಇಡಬೇಕೆಂದಿಲ್ಲ. ಆಧಾರ್‌ನಲ್ಲಿ ಹತ್ತೂ ಬೆರಳಿನ ಗುರುತಿದೆ; ಉಂಗುರದ ಬೆರಳು, ಕಿರುಬೆರಳು ಕಡಿಮೆ ಸವೆದಿರುತ್ತವೆ, ಅವನ್ನು ಇಟ್ಟು ನೋಡಿ. ಸೋಪು ಹಚ್ಚಿ ಕೈ ತೊಳೆದು, ಒರೆಸಿ, ಯಂತ್ರದ ಗಾಜನ್ನೂ ಒರೆಸಿಸಿ. ಪರದೆಯಲ್ಲಿ 300 ಎಂಬ ಸಂಕೇತ ಬಂದರೆ ಗುರುತು ಹೊಂದಲಿಲ್ಲ ಎಂದರ್ಥ. 330 ಬಂದರೆ ನಿಮ್ಮ ಆಧಾರ್ ಬಯೋಮೆಟ್ರಿಕ್ ಲಾಕ್ ಆಗಿದೆ. ಆಗ ಎಷ್ಟು ಬೆರಳು ಒತ್ತಿದರೂ ಉಪಯೋಗವಿಲ್ಲ, ಎಂ-ಆಧಾರ್ ಆ್ಯಪ್‌ನಲ್ಲಿ ಲಾಕ್ ತೆಗೆಯಬೇಕು. ಕಾರ್ಡಿನಲ್ಲಿ ಹೆಸರಿರುವ ಮನೆಯವರು ಯಾರಾದರೂ ಜೊತೆಗಿದ್ದರೆ ಅವರ ಬೆರಳೇ ನಡೆಯುತ್ತದೆ. ಯಾವುದೂ ಆಗದಿದ್ದರೆ ಕಣ್ಣುಪಾಪೆ ಓದುವ ಯಂತ್ರವಿರುವ ಅಂಗಡಿ ಹುಡುಕಿ, ಬಿಡುವಾದಾಗ ಆಧಾರ್ ಕೇಂದ್ರದಲ್ಲಿ ಬೆರಳಚ್ಚು ಹೊಸದಾಗಿ ಕೊಟ್ಟು ಬನ್ನಿ.

ಪ್ರಶ್ನೆ: ಇಡೀ ಕುಟುಂಬ ಹೊಸಪೇಟೆ ಬಿಟ್ಟು ಹೈದರಾಬಾದ್‌ಗೆ ಬಂದಿದ್ದೇವೆ. ಹಳೇ ಕಾರ್ಡ್ ರದ್ದು ಮಾಡಿಸಿ ಇಲ್ಲಿ ಹೊಸದು ಮಾಡಿಸಬೇಕೇ?

ಉತ್ತರ: ಅವಸರ ಬೇಡ. ಆಹಾರ ಭದ್ರತಾ ಕಾಯ್ದೆಯಡಿ ಪ್ರತಿ ರಾಜ್ಯಕ್ಕೂ ಫಲಾನುಭವಿಗಳ ಸಂಖ್ಯೆಗೆ ಮಿತಿಯಿದೆ, ಅದು ಇಂದಿಗೂ 2011ರ ಜನಗಣತಿಯ ಮೇಲೆ ನಿಂತಿದೆ. ಜಾಗ ಖಾಲಿಯಾಗದೆ ಹೊಸ ಕಾರ್ಡ್ ಬರುವುದು ಕಷ್ಟ. ಹಳೆಯದನ್ನು ಒಪ್ಪಿಸಿಬಿಟ್ಟರೆ ನಡುವಿನ ತಿಂಗಳುಗಳಲ್ಲಿ ಎರಡೂ ಕಡೆ ಧಾನ್ಯವಿಲ್ಲ. ನೆಲೆ ನಿಲ್ಲುವವರೆಗೆ ಹಳೇ ಕಾರ್ಡಿನಲ್ಲೇ ಹೈದರಾಬಾದ್‌ನಲ್ಲಿ ಎತ್ತುತ್ತಿರಿ. ಅಲ್ಲೇ ಇರುವುದು ಖಚಿತವಾದ ಮೇಲೆ ಮಾತ್ರ ಹೆಸರು ತೆಗೆದ ಪ್ರಮಾಣಪತ್ರ ಪಡೆದು ಅರ್ಜಿ ಹಾಕಿ. ಎರಡೂ ಕಾರ್ಡ್ ಇಟ್ಟುಕೊಳ್ಳುವ ಯೋಚನೆ ಮಾತ್ರ ಬೇಡ. ಒಂದು ಆಧಾರ್ ಎರಡು ಕಾರ್ಡಿನಲ್ಲಿದ್ದರೆ ತಪಾಸಣೆಯಲ್ಲಿ ಸಿಕ್ಕಿಬೀಳುತ್ತದೆ.

ಧಾನ್ಯ ಎತ್ತುವುದನ್ನು ನಿಲ್ಲಿಸಲೂಬೇಡಿ. ಪಡಿತರ ವಿತರಣೆಯ ನಿಯಮಗಳಿಗೆ ಕೇಂದ್ರ ಸರ್ಕಾರ ತಂದ 2025ರ ತಿದ್ದುಪಡಿ ಆದೇಶದ ಪ್ರಕಾರ ಆರು ತಿಂಗಳು ಬಳಸದ ಕಾರ್ಡನ್ನು ತಾತ್ಕಾಲಿಕವಾಗಿ ನಿಷ್ಕ್ರಿಯಗೊಳಿಸಿ, ಮರುಪರಿಶೀಲನೆ ನಡೆಸುತ್ತಾರೆ. ಊರಲ್ಲಿ ಯಾರೂ ಇಲ್ಲದವರಿಗೆ ಆ ಪರಿಶೀಲನೆ ದೊಡ್ಡ ತಲೆನೋವು.

ಪ್ರಶ್ನೆ: ಎಪಿಎಲ್ ಕಾರ್ಡಿಗೂ ಈ ಸೌಲಭ್ಯ ಇದೆಯೇ?

ಉತ್ತರ: ಇಲ್ಲ. ಆದ್ಯತಾ ಮತ್ತು ಅಂತ್ಯೋದಯ ಕಾರ್ಡುಗಳಿಗೆ ಮಾತ್ರ.