ತಡೆದ ಡ್ಯಾಮೇಜ್‌ಗೂ ಲೈಫ್‌ಲಿಂಕ್ ಲೈಫ್ ಕೊಡುತ್ತದೆಯೇ?

ನಿಮ್ಮ ಪ್ರಶ್ನೆ ನನಗೆ ಅರ್ಥವಾದದ್ದು ಹೀಗೆ. ಮ್ಯಾಜಿಕ್: ದಿ ಗ್ಯಾದರಿಂಗ್ ಎಂಬ ಕಾರ್ಡ್ ಆಟ, ನಿಮ್ಮ ಲೈಫ್ (0 ಆದರೆ ಸೋಲು) 9, ಎದುರಾಳಿಯದು 6. ತಾನು ಕೊಟ್ಟ ಡ್ಯಾಮೇಜ್‌ನಷ್ಟು ಲೈಫ್ ತರುವ ಲೈಫ್‌ಲಿಂಕ್ ಎಂಬ ಗುಣವಿರುವ, ಬಲ 4ರ (4/4) ಕ್ರೀಚರ್‌ನಿಂದ ಅವರು ದಾಳಿ ಮಾಡಿದರು, ನೀವು ಆ ಸರದಿಯ ಕಾಳಗದ ಡ್ಯಾಮೇಜನ್ನೆಲ್ಲ ತಡೆಯುವ ಫಾಗ್ ಕಾರ್ಡ್ ಆಡಿದಿರಿ. "ನೀವು ತಡೆದದ್ದು ನಿಮಗೆ ಬೀಳುವ ಪೆಟ್ಟನ್ನು ಮಾತ್ರ, ನನಗೆ ಬರುವ ಲೈಫನ್ನಲ್ಲ" ಎಂದು ಅವರು ತಮ್ಮ ಲೈಫನ್ನು 10ಕ್ಕೆ ಏರಿಸಿಕೊಂಡರು. ಇದು ಸರಿಯೇ? ಫಾಗ್ ಬದಲು ಲೈಫ್ ಏರಿಸುವ ಕಾರ್ಡ್ ಆಡಿದ್ದರೂ ಒಂದೇ ಆಗುತ್ತಿತ್ತೇ? ಆಟ ಮುಗಿದ ಮೇಲೆ ಅವರು ತೋರಿಸಿದ ಸ್ಕಲ್‌ಕ್ರ್ಯಾಕ್ ಕಾರ್ಡನ್ನು ಆಗಲೇ ಆಡಿದ್ದರೆ ಏನಾಗುತ್ತಿತ್ತು?

ಮೊದಲನೆಯದಕ್ಕೆ ಉತ್ತರ: ಸರಿಯಲ್ಲ. ಅವರ ಲೈಫ್ 6ರಲ್ಲೇ ನಿಲ್ಲಬೇಕಿತ್ತು.

ಲೈಫ್‌ಲಿಂಕ್ ನೋಡುವುದು ಕ್ರೀಚರ್‌ನ ಬಲವನ್ನಲ್ಲ, ಅದು ದಾಳಿ ಮಾಡಿತೋ ಇಲ್ಲವೋ ಎಂಬುದನ್ನೂ ಅಲ್ಲ. ನಿಜವಾಗಿ ಎಷ್ಟು ಡ್ಯಾಮೇಜ್ ತಗುಲಿತು ಎಂಬುದೊಂದೇ ಅದರ ಲೆಕ್ಕ. ತಗುಲಿದಷ್ಟು ಲೈಫ್ ಆ ಕ್ರೀಚರ್ ಆಗ ಯಾರ ಹಿಡಿತದಲ್ಲಿದೆಯೋ ಅವರಿಗೆ ಬರುತ್ತದೆ. ಡ್ಯಾಮೇಜ್ ತಡೆಯುವ ಕಾರ್ಡ್‌ಗಳು ಪೆಟ್ಟು ಬಿದ್ದ ಮೇಲೆ ಗಾಯ ವಾಸಿ ಮಾಡುವುದಿಲ್ಲ. ಬೀಳಲಿರುವ ಪೆಟ್ಟನ್ನೇ ಇಲ್ಲವಾಗಿಸುತ್ತವೆ. ನಿಯಮಗಳ 615ನೆಯ ವಿಭಾಗ ಪೂರ್ತಿ ಇದಕ್ಕೇ ಮೀಸಲು. 4ರಲ್ಲಿ 4ನ್ನೂ ತಡೆದರೆ ಡ್ಯಾಮೇಜ್ ಎಂಬ ಘಟನೆ ನಡೆದೇ ಇಲ್ಲ, ಲೈಫ್‌ಲಿಂಕ್‌ಗೆ ಅಲ್ಲಿ ಎಣಿಸಲು ಏನೂ ಇಲ್ಲ. 4ರಲ್ಲಿ 3 ತಡೆದಿದ್ದರೆ ನಿಮಗೆ 1 ತಗುಲುತ್ತಿತ್ತು, ಅವರಿಗೆ 1 ಲೈಫ್ ಬರುತ್ತಿತ್ತು.

ಎರಡನೆಯ ಪ್ರಶ್ನೆ ನನಗೆ ಬಹಳ ಇಷ್ಟವಾಯಿತು. 1993ರ ಮೊದಲ ಸೆಟ್‌ನಲ್ಲೇ ಇದನ್ನು ಕಲಿಸಲೆಂದೇ ಮಾಡಿದಂತಿರುವ ಒಂದು ಕಾರ್ಡ್ ಇದೆ, ಹೀಲಿಂಗ್ ಸಾಲ್ವ್. ಒಂದು ಬಿಳಿ ಮಾನಾ (ಕಾರ್ಡ್ ಆಡಲು ತೆರುವ ಶಕ್ತಿ) ಕೊಟ್ಟು ಎರಡರಲ್ಲಿ ಒಂದನ್ನು ಆರಿಸಿಕೊಳ್ಳಬೇಕು: ಒಬ್ಬ ಆಟಗಾರರಿಗೆ 3 ಲೈಫ್ ಕೊಡುವುದು, ಇಲ್ಲವೇ ಈ ಸರದಿಯಲ್ಲಿ ಮುಂದೆ ಬರುವ 3 ಡ್ಯಾಮೇಜ್ ತಡೆಯುವುದು. ಮೇಲುನೋಟಕ್ಕೆ ಎರಡೂ ಒಂದೇ. ಲೈಫ್ 3 ಇದ್ದಾಗ 3 ಡ್ಯಾಮೇಜ್ ಕೊಡುವ ಲೈಟ್ನಿಂಗ್ ಬೋಲ್ಟ್ ಕಾರ್ಡ್ ಬಂತು ಎನ್ನಿ. ಲೈಫ್ ಏರಿಸಿಕೊಂಡರೆ 6 ಆಗಿ ಮತ್ತೆ 3ಕ್ಕೆ ಇಳಿಯುತ್ತದೆ, ತಡೆದರೆ 3 ಹಾಗೆಯೇ ಉಳಿಯುತ್ತದೆ. ನಾನೂ ಬಹಳ ಕಾಲ ಇದನ್ನೇ ನಂಬಿ, ಎರಡರಲ್ಲಿ ಯಾವುದಾದರೇನು ಎಂದುಕೊಂಡಿದ್ದೆ.

ಆ ನಂಬಿಕೆ ಮುರಿದ ಆಟ ಇನ್ನೂ ಕಣ್ಣ ಮುಂದಿದೆ. ನನ್ನ ಲೈಫ್ 4, ಸ್ನೇಹಿತನದು 3. ಅವನು ಎರಡು ಕ್ರೀಚರ್‌ಗಳಿಂದ ದಾಳಿ ಮಾಡಿದ: ಲೈಫ್‌ಲಿಂಕ್ ಇರುವ ವ್ಯಾಂಪೈರ್ ನೈಟ್‌ಹಾಕ್, ಬಲ 2, ಜೊತೆಗೆ ಹಿಲ್ ಜಯಂಟ್, ಬಲ 3. ಅಡ್ಡ ನಿಲ್ಲಿಸಲು ನನ್ನ ಬಳಿ ಯಾವ ಕ್ರೀಚರ್ ಕೂಡ ಇರಲಿಲ್ಲ. ಕೈಯಲ್ಲಿ ಹೀಲಿಂಗ್ ಸಾಲ್ವ್ ಮತ್ತು ಲೈಟ್ನಿಂಗ್ ಬೋಲ್ಟ್ ಇದ್ದವು, ಮಾನಾ ಮಾತ್ರ ಒಂದೇ. ಸಾಲ್ವ್ ಆಡಿ, ದೊಡ್ಡ ಪೆಟ್ಟನ್ನು ತಡೆಯೋಣವೆಂದು ಜಯಂಟ್‌ನ 3ನ್ನು ತಡೆದೆ. ನೈಟ್‌ಹಾಕ್‌ನ 2 ತಗುಲಿ ನಾನು 2ಕ್ಕೆ ಇಳಿದೆ, ಅವನು 5ಕ್ಕೆ ಏರಿದ. ನನ್ನ ಸರದಿಯಲ್ಲಿ ಬೋಲ್ಟ್ ಹೊಡೆದಾಗ ಅವನ ಬಳಿ 2 ಉಳಿದಿತ್ತು. ಆ 2 ಅವನಿಗೆ ಸಾಕಾಯಿತು, ಮುಂದಿನ ದಾಳಿಯಲ್ಲಿ ನಾನು ಸೋತೆ.

ಈಗ ಆ ಲೆಕ್ಕವನ್ನು ಬಿಡಿಸಿ ನೋಡಿ. ಒಟ್ಟು ಬರುತ್ತಿದ್ದದ್ದು 5. ಸಾಲ್ವ್‌ನಿಂದ ಲೈಫ್ ಏರಿಸಿಕೊಂಡಿದ್ದರೆ 4 ಕೂಡಿಸು 3, ಅದರಲ್ಲಿ 5 ಕಳೆದರೆ 2. ಜಯಂಟ್‌ನ ಪೆಟ್ಟನ್ನು ತಡೆದರೂ 2. ನೈಟ್‌ಹಾಕ್‌ನ 2 ಮತ್ತು ಜಯಂಟ್‌ನ 1ನ್ನು ತಡೆದಿದ್ದರೂ 2. ಮೂರು ದಾರಿಯಲ್ಲೂ ನನ್ನ ಲೈಫ್ ಒಂದೇ. ಆದರೆ ಮೊದಲ ಎರಡರಲ್ಲಿ ಅವನು 5, ಮೂರನೆಯದರಲ್ಲಿ 3. ಮೂರನೆಯದನ್ನು ಆರಿಸಿದ್ದರೆ ನನ್ನ ಬೋಲ್ಟ್ ಆಟವನ್ನು ಅಲ್ಲಿಗೇ ಮುಗಿಸುತ್ತಿತ್ತು. ಹೀಗೆ ಆರಿಸಲು ನಿಯಮದಲ್ಲೇ ಅವಕಾಶವಿದೆ: ಹಲವು ಮೂಲಗಳಿಂದ ಒಂದೇ ಕ್ಷಣಕ್ಕೆ ಡ್ಯಾಮೇಜ್ ಬರುವಾಗ, ಸಾಲ್ವ್‌ನಂಥ ಕಾರ್ಡ್ ಯಾವುದನ್ನು ಮೊದಲು ತಡೆಯಬೇಕು ಎಂದು ನಿರ್ಧರಿಸುವವರು ಪೆಟ್ಟು ತಿನ್ನುವವರೇ. ಅಂದಿನಿಂದ ತಡೆಯುವ ಮೊದಲು ಎದುರಾಳಿಯ ಕ್ರೀಚರ್‌ಗಳ ಮೇಲೆ ಬರೆದಿರುವುದನ್ನು ಒಂದೊಂದಾಗಿ ಓದುತ್ತೇನೆ. "ಆಟಗಾರರಿಗೆ ಡ್ಯಾಮೇಜ್ ಕೊಟ್ಟಾಗಲೆಲ್ಲ" ಎಂದು ಶುರುವಾಗುವ ಸಾಲು ಕಂಡರೆ ಅದರ ಪೆಟ್ಟನ್ನೇ ಮೊದಲು ತಡೆಯುತ್ತೇನೆ, ಏಕೆಂದರೆ ಪೂರ್ತಿ ತಡೆದರೆ ಆ ಸಾಲು ಕೆಲಸವನ್ನೇ ಮಾಡುವುದಿಲ್ಲ. ವಿಷದ ವಿಷಯವೂ ಹೀಗೆಯೇ: ಇನ್‌ಫೆಕ್ಟ್ ಇರುವ ಕ್ರೀಚರ್ ಲೈಫ್ ಇಳಿಸುವ ಬದಲು ವಿಷದ ಕೌಂಟರ್ (ಎಣಿಕೆಯ ಗುರುತು) ಇಡುತ್ತದೆ, 10 ಆದರೆ ಸೋಲು. ನಿಮ್ಮ ಲೈಫ್ 100 ಇದ್ದರೂ ಅಲ್ಲಿ ಪ್ರಯೋಜನವಿಲ್ಲ, ತಡೆಯುವುದೊಂದೇ ದಾರಿ. ಕಮಾಂಡರ್ ಎಂಬ ಮ್ಯಾಜಿಕ್‌ನ ಇನ್ನೊಂದು ಬಗೆಯ ಆಟದಲ್ಲಿ ಒಂದೇ ಕಮಾಂಡರ್‌ನಿಂದ (ನಾಯಕ ಕಾರ್ಡ್‌ನಿಂದ) 21 ಕಾಳಗದ ಡ್ಯಾಮೇಜ್ ತಗುಲಿದರೆ ಸೋಲುವ ನಿಯಮಕ್ಕೂ ಇದೇ ಮಾತು.

ಹಾಗೆಂದು ತಡೆಯುವುದೇ ಯಾವಾಗಲೂ ಮೇಲು ಎಂದಲ್ಲ. ತಡೆ ಪೆಟ್ಟಿಗಿಂತ ಮೊದಲೇ ಇರಬೇಕು; ಆಮೇಲೆ ಆಡಿದರೆ ಕೋಟೆ ಕೊಳ್ಳೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದಂತೆ. 1999ರಲ್ಲಿ ಆರನೇ ಆವೃತ್ತಿಯ ನಿಯಮಗಳು ಬರುವವರೆಗೆ ಡ್ಯಾಮೇಜ್ ತಡೆಯಲೆಂದೇ ಪ್ರತ್ಯೇಕ ಹಂತವೊಂದಿತ್ತು, ಈಗ ಇಲ್ಲ. ಜೊತೆಗೆ, ಲೈಫ್ ಇಳಿಯುವುದೆಲ್ಲ ಡ್ಯಾಮೇಜ್ ಅಲ್ಲ. ಗ್ರೇ ಮರ್ಚೆಂಟ್ ಎಂಬ ಕ್ರೀಚರ್ ಬಂದಾಗ ಎದುರಾಳಿಗಳು "ಲೈಫ್ ಕಳೆದುಕೊಳ್ಳುತ್ತಾರೆ" ಎಂದಿದೆ, ಡ್ಯಾಮೇಜ್ ಎಂಬ ಪದವೇ ಇಲ್ಲ. ಅದರ ಮುಂದೆ ನಿಮ್ಮ ಎಲ್ಲ ತಡೆಗಳೂ ನಿಷ್ಫಲ, ಲೈಫ್ ಏರಿಸುವ ಕಾರ್ಡ್ ಮಾತ್ರ ಕೈ ಹಿಡಿಯುತ್ತದೆ. ಪೋಕೆಮಾನ್ ಕಾರ್ಡ್ ಆಟದಲ್ಲೂ ಇದರ ಜೋಡಿ ಸಿಗುತ್ತದೆ: ಡ್ಯಾಮೇಜ್ ಕೌಂಟರ್ "ಇಡುವುದು" ಬೇರೆ, ದಾಳಿಯಿಂದ ಡ್ಯಾಮೇಜ್ ಮಾಡುವುದು ಬೇರೆ, ಎರಡನೆಯದನ್ನು ಮಾತ್ರ ತಡೆಯುವ ಕಾರ್ಡ್ ಮೊದಲನೆಯದನ್ನು ತಡೆಯದು.

ನಿಮ್ಮ ಎದುರಾಳಿಯ ವಾದ ಸರಿಯಾಗುವ ಸಂದರ್ಭವೂ ಇದೆ ಎಂದು ಹೇಳದಿದ್ದರೆ ಅವರಿಗೆ ಅನ್ಯಾಯವಾಗುತ್ತದೆ. ನಿಮ್ಮ ಬಳಿ ಒಂದು ಕ್ರೀಚರ್ ಮತ್ತು ವರ್ಶಿಪ್ ಎಂಬ ಕಾರ್ಡ್ ಇದ್ದರೆ, ಡ್ಯಾಮೇಜ್ ನಿಮ್ಮ ಲೈಫನ್ನು 1ಕ್ಕಿಂತ ಕೆಳಗೆ ಇಳಿಸಲಾರದು. ಆದರೆ ವರ್ಶಿಪ್ ಡ್ಯಾಮೇಜನ್ನು ತಡೆಯುವುದಿಲ್ಲ, ಅದರ ಫಲವನ್ನು ಮಾತ್ರ ಬದಲಿಸುತ್ತದೆ. ನಿಮ್ಮ ಲೈಫ್ 1 ಇದ್ದು 4 ಡ್ಯಾಮೇಜ್ ತಗುಲಿದರೆ ನೀವು 1ರಲ್ಲೇ ಉಳಿಯುತ್ತೀರಿ, ಅವರಿಗೆ ಪೂರ್ತಿ 4 ಲೈಫ್ ಬರುತ್ತದೆ. ನಿಮ್ಮ ಲೈಫ್ ಬದಲಾಗಲೇಬಾರದು ಎನ್ನುವ ಪ್ಲಾಟಿನಂ ಎಂಪೀರಿಯನ್ ಕಾರ್ಡ್ ಎದುರೂ ಹೀಗೆಯೇ. ಅವರು ಇಂಥ ಯಾವುದೋ ಆಟವನ್ನು ನೋಡಿ, ಅದನ್ನೇ ಫಾಗ್‌ಗೂ ಹಚ್ಚಿರಬಹುದು. ಕಾರ್ಡ್ ಮೇಲೆ "ಪ್ರಿವೆಂಟ್" ಎಂಬ ಪದವಿದೆಯೇ ಎಂದು ನೋಡಿ. ಇದ್ದರೆ ಲೈಫ್‌ಲಿಂಕ್ ಬರಿಗೈ. ಇಲ್ಲದಿದ್ದರೆ ಕಾರ್ಡ್ ಪೂರ್ತಿ ಓದಿಯೇ ತೀರ್ಮಾನಿಸಬೇಕು.

ಹಳೆಯ ಆಟಗಾರರ ಜೊತೆ ಆಡುವಾಗ ಇನ್ನೊಂದು ಗೊಂದಲ ಎದುರಾಗುತ್ತದೆ. 2009ಕ್ಕೆ ಮೊದಲು ಲೈಫ್‌ಲಿಂಕ್‌ನ ಲೈಫ್ ಡ್ಯಾಮೇಜ್ ಆದ ಮೇಲೆ ಪ್ರತ್ಯೇಕವಾಗಿ ಬರುತ್ತಿತ್ತು, ಅಷ್ಟರಲ್ಲಿ ಲೈಫ್ 0 ಆದವರು ಸೋತಾಗಿರುತ್ತಿತ್ತು. ಈಗ ಡ್ಯಾಮೇಜ್ ಜೊತೆಗೇ ಬರುತ್ತದೆ. ಲೈಫ್ 3 ಇದ್ದು, 5 ತಗುಲಿ, ಅದೇ ಕ್ಷಣ ನಿಮ್ಮ ಲೈಫ್‌ಲಿಂಕ್ ಕ್ರೀಚರ್ 4 ಡ್ಯಾಮೇಜ್ ಕೊಟ್ಟಿದ್ದರೆ ನೀವು 2ರಲ್ಲಿ ಬದುಕಿರುತ್ತೀರಿ. ಇದನ್ನು ಒಪ್ಪಿಸಲು ನಾನು ಗಂಟೆಗಟ್ಟಲೆ ವಾದಿಸಿದ್ದೇನೆ.

ಇನ್ನು ಸ್ಕಲ್‌ಕ್ರ್ಯಾಕ್. ಅದರಲ್ಲಿ ಮೂರು ಮಾತುಗಳಿವೆ: ಈ ಸರದಿಯಲ್ಲಿ ಆಟಗಾರರು ಲೈಫ್ ಗಳಿಸುವಂತಿಲ್ಲ, ಈ ಸರದಿಯಲ್ಲಿ ಡ್ಯಾಮೇಜ್ ತಡೆಯುವಂತಿಲ್ಲ, ಗುರಿಯಾದ ಆಟಗಾರರಿಗೆ 3 ಡ್ಯಾಮೇಜ್. ಮೊದಲ ಎರಡನ್ನು ಬೇರೆ ಬೇರೆ ವಾಕ್ಯಗಳಲ್ಲಿ ಬರೆಯಬೇಕಾಗಿ ಬಂದದ್ದೇ ಅವೆರಡೂ ಬೇರೆ ವಿಷಯಗಳು ಎನ್ನುವುದಕ್ಕೆ ಸಾಕ್ಷಿ. ಫಾಗ್‌ಗೆ ಉತ್ತರವಾಗಿ ಅವರು ಇದನ್ನು ನಿಮ್ಮ ಮೇಲೆ ಆಡಿದ್ದರೆ ಮೊದಲು 3 ತಗುಲಿ ನೀವು 6ಕ್ಕೆ ಇಳಿಯುತ್ತಿದ್ದಿರಿ. ಆಮೇಲೆ ಫಾಗ್ ಜಾರಿಗೆ ಬಂದರೂ ಏನನ್ನೂ ತಡೆಯುತ್ತಿರಲಿಲ್ಲ, ದಾಳಿಯ 4 ಕೂಡ ತಗುಲಿ 2 ಉಳಿಯುತ್ತಿತ್ತು. ಆದರೆ "ಆಟಗಾರರು" ಎಂದರೆ ಆಡಿದವರೂ ಸೇರಿ ಎಲ್ಲರೂ. ಅವರ ಕ್ರೀಚರ್ ಪೂರ್ತಿ ಡ್ಯಾಮೇಜ್ ಕೊಟ್ಟಿರುತ್ತಿತ್ತು, ಲೈಫ್‌ಲಿಂಕ್ ಕೂಡ ಇರುತ್ತಿತ್ತು, ಆದರೂ ಅವರ ಲೈಫ್ ಆಗಲೂ 6ರಲ್ಲೇ ಇರುತ್ತಿತ್ತು.