ದುಪ್ಪಟ್ಟು ಕೊಟ್ಟರೂ ಕೋರ್ಟಿಗೆ ಯಾಕೆ ಹೋಗುತ್ತಾರೆ?

ಸುರತ್ಕಲ್‌ನ ಓದುಗರೊಬ್ಬರು ಬರೆದಿದ್ದಾರೆ: ‘ಹೆದ್ದಾರಿಗೆ ಜಾಗ ಕೊಟ್ಟವರಿಗೆ ಸರಕಾರ ಈಗ ಬೆಲೆಯ ದುಪ್ಪಟ್ಟು ಕೊಡುತ್ತದೆ. ಆದರೂ ಜನ ಕೋರ್ಟಿಗೆ ಹೋಗುತ್ತಾರೆ, ಕೆಲಸ ವರ್ಷಗಟ್ಟಲೆ ನಿಲ್ಲುತ್ತದೆ. ಇದು ದುರಾಸೆ ಅಲ್ವಾ? ನನ್ನ ಮಾವನವರ ಅಡಿಕೆ ತೋಟಕ್ಕೂ ನೋಟಿಸ್ ಬಂದಿದೆ. ಕೊಟ್ಟಷ್ಟು ತೆಗೆದುಕೊಂಡು ಸುಮ್ನಿರಿ ಅಂದೆ. ನಾನು ಹೇಳಿದ್ದು ತಪ್ಪೇ?’

ಸಂಪಾದಕರ ಉತ್ತರ: ತಪ್ಪು ಸ್ವಾಮಿ. ಆದರೆ ಕೇಳಿದ್ದು ಒಳ್ಳೆಯದಾಯಿತು. ಇದೇ ಮಾತನ್ನು ಮದುವೆ ಮನೆಯಲ್ಲಿ, ಬಸ್ಸಿನಲ್ಲಿ ಎಲ್ಲರೂ ಆಡುತ್ತಾರೆ. ಕಾಗದ ಬರೆದು ಕೇಳಿದವರು ನೀವು.

ರಸ್ತೆ ಬೇಕು, ಒಪ್ಪಿದೆ. ಕುಂದಾಪುರದಿಂದ ಹೊರಟ ಆಂಬುಲೆನ್ಸ್ ಮಣಿಪಾಲಕ್ಕೋ ಮಂಗಳೂರಿಗೋ ಬೇಗ ಮುಟ್ಟಬೇಕು. ಅದರಲ್ಲಿ ತಕರಾರಿಲ್ಲ. ನೀವು ಹೇಳುವ ದುಪ್ಪಟ್ಟು ಯಾವುದರ ದುಪ್ಪಟ್ಟು ಎಂಬುದಷ್ಟೇ ನನ್ನ ಪ್ರಶ್ನೆ.

2013ರ ಭೂಸ್ವಾಧೀನ ಕಾಯ್ದೆ 2014ರ ಜನವರಿ 1ರಂದು ಜಾರಿಗೆ ಬಂತು. ಅಲ್ಲಿಯವರೆಗೆ ಬ್ರಿಟಿಷರು 1894ರಲ್ಲಿ ಮಾಡಿದ ಕಾಯ್ದೆಯೇ ನಡೆಯುತ್ತಿತ್ತು. ಹೆದ್ದಾರಿಗೆ 1956ರ ಬೇರೆ ಕಾಯ್ದೆ ಇದ್ದರೂ 2015ರಿಂದ ಪರಿಹಾರದ ಲೆಕ್ಕ ಮಾತ್ರ 2013ರದ್ದೇ. ಮಾರ್ಗಸೂಚಿ ದರ, ಅಂದರೆ ನೋಂದಣಿಗೆಂದು ಸರಕಾರ ಗೊತ್ತು ಮಾಡಿದ ಬೆಲೆ, ಒಂದು ಕಡೆ ಇಡುತ್ತಾರೆ. ಆಸುಪಾಸಿನಲ್ಲಿ ಹಿಂದಿನ 3 ವರ್ಷ ನೋಂದಣಿಯಾದ ಅಂಥದೇ ಜಾಗದ ಕ್ರಯಪತ್ರಗಳನ್ನು ತೆಗೆದು, ಹೆಚ್ಚು ಬೆಲೆಯ ಅರ್ಧದಷ್ಟು ಪತ್ರಗಳ ಸರಾಸರಿ ಇನ್ನೊಂದು ಕಡೆ ಇಡುತ್ತಾರೆ. ಯಾವುದು ಜಾಸ್ತಿಯೋ ಅದೇ ಮೂಲ ಬೆಲೆ. ಹಳ್ಳಿಯಾದರೆ ಅದನ್ನು 1ರಿಂದ 2ರವರೆಗಿನ ಗುಣಕದಿಂದ ಗುಣಿಸಬೇಕು. ಮರ, ಮನೆ, ಬಾವಿಯ ಬೆಲೆ ಕೂಡಿಸಬೇಕು. ಕೂಡಿ ಬಂದಷ್ಟೇ ಹಣವನ್ನು ಸೊಲೇಶಿಯಂ ಎಂದು ಮತ್ತೆ ಕೊಡಬೇಕು. ಹಳೆಯ ಕಾಯ್ದೆಯಲ್ಲಿ ಈ ಸೊಲೇಶಿಯಂ ಕೊನೆಗೆ ಶೇ. 30 ಇತ್ತು, ಈಗ ಶೇ. 100.

ಕೇಳಲು ಚೆನ್ನಾಗಿದೆ. ಒಂದು ಉದಾಹರಣೆ ಹಾಕಿ ನೋಡೋಣ. 50 ಸೆಂಟ್ಸ್ ತೋಟ, ಕಾಗದದಲ್ಲಿ ಸೆಂಟ್ಸಿಗೆ 20,000 ರೂಪಾಯಿ. ಒಟ್ಟು 10 ಲಕ್ಷ. ಗುಣಕ ಒಂದೂವರೆ ಎಂದರೆ 15 ಲಕ್ಷ. ಮರಗಳಿಗೆ 3 ಲಕ್ಷ ಸೇರಿಸಿದರೆ 18. ಸೊಲೇಶಿಯಂ ಸೇರಿ 36 ಲಕ್ಷ. ಆದರೆ ಪಕ್ಕದ ಜಾಗ ನಿಜವಾಗಿ ಕೈಬದಲಾಗುವುದು ಸೆಂಟ್ಸಿಗೆ 1 ಲಕ್ಷಕ್ಕೆ ಎಂದಿಟ್ಟುಕೊಳ್ಳಿ. ಅದೇ 50 ಸೆಂಟ್ಸ್ ತಿರುಗಿ ಕೊಳ್ಳಲು 50 ಲಕ್ಷ ಬೇಕು. ಮರಗಳ ಮಾತು ಬೇರೆ. ಎಲ್ಲಿದೆ ದುಪ್ಪಟ್ಟು?

ಕಾಗದದ ಬೆಲೆ ಅಷ್ಟು ಕಡಿಮೆ ಇರಲು ನಾವೂ ಕಾರಣ. ನೋಂದಣಿ ಶುಲ್ಕ ಉಳಿಸಲು ಅರ್ಧ ಹಣ ಬರೆಸಿ, ಉಳಿದದ್ದನ್ನು ಕೈಯಲ್ಲಿ ಕೊಟ್ಟು ಮುಗಿಸುತ್ತೇವೆ. ಕೊಂಡವನಿಗೆ ಲಾಭ, ಮಾರಿದವನಿಗೂ ಲಾಭ. ಆಮೇಲೆ ಅದೇ ಪತ್ರ ನೆರೆಮನೆಯವನ ತೋಟಕ್ಕೆ ಬೆಲೆ ಕಟ್ಟುತ್ತದೆ. ನೀವು ಸುರತ್ಕಲ್‌ನಲ್ಲಿ ಸೈಟು ಕೊಂಡಿದ್ದರೆ ನಿಮ್ಮ ಪತ್ರವನ್ನೂ ಒಮ್ಮೆ ತೆಗೆದು ನೋಡಿ.

ಇದು ಸರಕಾರಕ್ಕೆ ಗೊತ್ತಿಲ್ಲದ್ದಲ್ಲ. ಅದೇ ಕಾಯ್ದೆಯ 26ನೇ ಕಲಂ ಹೇಳುತ್ತದೆ: ಸ್ವಾಧೀನ ಶುರು ಮಾಡುವ ಮೊದಲೇ ಜಿಲ್ಲಾಧಿಕಾರಿ ಆ ಊರಿನ ಚಾಲ್ತಿ ದರ ನೋಡಿ ಭೂಮಿಯ ಬೆಲೆಯನ್ನು ಪರಿಷ್ಕರಿಸಬೇಕು. ನಾನು ಸಿಕ್ಕಿದವರಿಗೆಲ್ಲ ಓದಿ ಹೇಳುವ ಸಾಲು ಇದು. ಈ ಒಂದು ಕೆಲಸವನ್ನು ನೋಟಿಸಿಗೆ ಮೊದಲು, ಊರವರ ಎದುರು ಕೂತು ಮಾಡಿದರೆ ಅರ್ಧಕ್ಕರ್ಧ ಕೇಸು ಹುಟ್ಟುವುದೇ ಇಲ್ಲ. ಕೆಲಸ ನಿಂತಿತು ಎಂದು ರೈತನನ್ನು ಬೈಯುವವರು ಮೊದಲು ಇದನ್ನು ಕೇಳಬೇಕು.

ಮರಗಳ ವಿಷಯಕ್ಕೆ ಬರುತ್ತೇನೆ. ನೆಂಟರೊಬ್ಬರ ತೋಟಕ್ಕೆ ಮರ ಎಣಿಸಲು ಬಂದ ದಿನ ನಾನೂ ಅಲ್ಲಿದ್ದೆ. ಮರಕ್ಕೆ ಬಣ್ಣದಲ್ಲಿ ನಂಬರು ಹಾಕುತ್ತಾ ಹೋದರು. ಅಡಿಕೆ ಮರ ಬರೆದುಕೊಂಡರು, ಅದಕ್ಕೆ ಹಬ್ಬಿದ ಕಾಳುಮೆಣಸಿನ ಬಳ್ಳಿಯನ್ನು ಬಿಟ್ಟರು. ಆ ಮನೆಯ ಅತ್ತೆ ಹಿಂದೆಯೇ ನಡೆದು ‘ಇದರಲ್ಲಿ ಬಳ್ಳಿ ಉಂಟು, ಬರೆಯಿರಿ’ ಎಂದು ಮರಮರಕ್ಕೂ ಹೇಳಿದರು. ಆಮೇಲೆ ಬರೆದರು. ಅಳತೆಯ ಗೆರೆಯ ಆಚೆ ಬಾವಿ, ಈಚೆ ಉಳಿದ ತೋಟ. ನೀರು ಹೋದ ಮೇಲೆ ಆ ತೋಟ ಎಷ್ಟು ಬೇಸಿಗೆ ತಡೆದೀತು? ಜಾಗ ತುಂಡಾದ ನಷ್ಟಕ್ಕೂ ಪರಿಹಾರ ಉಂಟು ಎಂದು 28ನೇ ಕಲಂ ಹೇಳುತ್ತದೆ. ಕೇಳಿದವರಿಗೆ ಉಂಟು.

ಗದ್ದೆಯ ಕಥೆಯೂ ಇದೇ. ಬೈಲು, ಮಜಲು, ಬೆಟ್ಟು ಎಂದು ನಮ್ಮ ಹಿರಿಯರು ಬೇರೆ ಬೇರೆ ಮಾಡಿದ್ದು ಸುಮ್ನೆ ಅಲ್ಲ. ಬೈಲಿನಲ್ಲಿ ಮೂರು ಬೆಳೆ, ಮಜಲಿನಲ್ಲಿ ಎರಡು, ಬೆಟ್ಟಿನಲ್ಲಿ ಮಳೆಗಾಲದ ಒಂದೇ ಬೆಳೆ. ಮೂರನ್ನೂ ‘ಕೃಷಿ ಜಮೀನು’ ಎಂದು ಒಂದೇ ಸಾಲಿನಲ್ಲಿ ಬರೆದರೆ ಬೈಲಿನಲ್ಲಿ ಕೊಳಕೆ, ಅಂದರೆ ಮೂರನೇ ಬೆಳೆ, ಬೆಳೆಯುವವನಿಗೆ ಅನ್ಯಾಯ ಆಗದೆ ಇರುತ್ತದೆಯೇ?

ಇನ್ನು ಕುಮ್ಕಿ. ವರ್ಗ ಜಾಗದ, ಅಂದರೆ ರೈತನ ಸ್ವಂತ ಪಟ್ಟಾ ಜಾಗದ, ಪಕ್ಕದ ಗುಡ್ಡದಿಂದ ಸೊಪ್ಪು, ಸೌದೆ, ಹುಲ್ಲು ತರುವ ಹಕ್ಕು ತಲೆಮಾರುಗಳಿಂದ ನಡೆದು ಬಂದದ್ದು. ತೋಟ ನಿಂತಿರುವುದೇ ಆ ಸೊಪ್ಪಿನ ಮೇಲೆ. ಆದರೆ ಪಹಣಿಯಲ್ಲಿ ಅದು ಸರಕಾರಿ ಜಾಗ. ರಸ್ತೆಗೆ ಹೋದರೆ ಜಾಗದ ಬೆಲೆ ಎಂದು ರೈತನ ಕೈಗೆ ಬರುವುದು ಏನೂ ಇಲ್ಲ. ಕರಾವಳಿಯ ಶಾಸಕರು ಚುನಾವಣೆ ಬಂದಾಗೆಲ್ಲ ಕುಮ್ಕಿ ಬಗ್ಗೆ ಮಾತಾಡುತ್ತಾರೆ. ಪರಿಹಾರದ ಮೇಜಿನ ಮುಂದೆ ಅವರು ಕಾಣುವುದಿಲ್ಲ. ತಾಯಿಯ ಕಡೆಯಿಂದ ಆಸ್ತಿ ಇಳಿದು ಬರುವ ಅಳಿಯಕಟ್ಟಿನ ದೊಡ್ಡ ಕುಟುಂಬವಾದರೆ ಕಷ್ಟ ಇನ್ನೂ ಜಾಸ್ತಿ. ಪಹಣಿಯಲ್ಲಿ ತೀರಿಹೋದ ಹಿರಿಯರ ಹೆಸರು, ಪಾಲುದಾರರು ಮುಂಬಯಿಯಲ್ಲಿ. ಒಬ್ಬರು ಆಕ್ಷೇಪ ಹಾಕಿದರೂ ಸಾಕು, ಹಣ ಕೋರ್ಟಿನಲ್ಲಿ ಕೂರುತ್ತದೆ. ತೋಟ ಮಾತ್ರ ಕೈಬಿಟ್ಟು ಹೋಗಿರುತ್ತದೆ.

ನಿಮ್ಮ ಮಾವನವರಿಗೆ ‘ಸುಮ್ನಿರಿ’ ಅನ್ನಬೇಡಿ. ಹೆದ್ದಾರಿಯದ್ದಾದರೆ ಜಾಗ ತೆಗೆದುಕೊಳ್ಳುವುದಕ್ಕೆ ಆಕ್ಷೇಪ ಹಾಕಲು ಗಜೆಟ್ ಪ್ರಕಟಣೆಯಿಂದ 21 ದಿನ ಮಾತ್ರ ಇದೆ. ಬೆಲೆ ಒಪ್ಪಿಗೆಯಾಗದಿದ್ದರೆ ಮಧ್ಯಸ್ಥಗಾರರ ಮುಂದೆ ಹೋಗಬಹುದು. ಹಣ ಪಡೆಯುವಾಗ ‘ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದೇ ಸಹಿ ಹಾಕಲಿ. ಹಿಂದಿನ 3 ವರ್ಷದ ಕ್ರಯಪತ್ರಗಳ ನಕಲನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ತೆಗೆಸಿ. ವಯಸ್ಸಾದವರು ಒಬ್ಬರೇ ಅಲೆಯುವುದು ಬೇಡ, ಒಂದು ದಿನ ರಜೆ ಹಾಕಿ ನೀವೇ ಜೊತೆಗೆ ಹೋಗಿ.