ಹಾಸ್ಪಿಟಲರ್ ಎಂದರೆ ಆಸ್ಪತ್ರೆಯವರೇ?

ಪ್ರಶ್ನೆ: ಕ್ರುಸೇಡ್ (ಜೆರುಸಲೇಮಿಗಾಗಿ ಕ್ರೈಸ್ತರು ನಡೆಸಿದ ಧರ್ಮಯುದ್ಧ) ಕಾಲದ ಲೇಖನವೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ಬರುವ ಜೆರುಸಲೇಮಿನ 'ಹಾಸ್ಪಿಟಲರ್' ಎಂಬ ಕ್ರೈಸ್ತ ಪಂಥದವರನ್ನು 'ಆಸ್ಪತ್ರೆ ಯೋಧರು' ಎನ್ನಬಹುದೇ? ಈ ಪದದ ಮೂಲ ಯಾವುದು?

ಉತ್ತರ: ಹಾಗೆ ಬರೆಯಬೇಡಿ. 'ಆಸ್ಪತ್ರೆ', 'ಯೋಧರು' ಎರಡೂ ಓದುಗರ ದಾರಿ ತಪ್ಪಿಸುತ್ತವೆ.

ಮೂಲ ಲ್ಯಾಟಿನ್‌ನ 'ಹಾಸ್ಪೆಸ್'. ಅತಿಥಿಗೂ ಅದೇ ಪದ, ಅವನನ್ನು ಬರಮಾಡಿಕೊಳ್ಳುವವನಿಗೂ ಅದೇ. ನಮ್ಮಲ್ಲಿ ಹೆಣ್ಣಿನ ಕಡೆಯವರೂ ಗಂಡಿನ ಕಡೆಯವರೂ ಒಬ್ಬರಿಗೊಬ್ಬರು ಬೀಗರಾಗುವ ಹಾಗೆ. ಅದರಿಂದ ಬಂದ 'ಹಾಸ್ಪಿಟಾಲೆ' ಎಂದರೆ ಬಂದವರು ಇಳಿದುಕೊಳ್ಳುವ ಮನೆ. ಹೋಟೆಲ್, ಹಾಸ್ಟೆಲ್, ಹಾಸ್ಪಿಟಲ್ ಮೂರೂ ಈ ಬೇರಿನವೇ. ನಮ್ಮ ಪದಗಳಲ್ಲಿ 'ಛತ್ರ' ಇದಕ್ಕೆ ತೀರ ಹತ್ತಿರ.

ಜೆರುಸಲೇಮಿನಲ್ಲಿ ಇದ್ದದ್ದೂ ಛತ್ರವೇ. 11ನೇ ಶತಮಾನದಲ್ಲಿ ಇಟಲಿಯ ಅಮಾಲ್ಫಿಯ ವರ್ತಕರು ಯಾತ್ರಿಕರಿಗಾಗಿ ಕಟ್ಟಿಸಿದ್ದು. 1113ರಲ್ಲಿ ಪೋಪ್ ಎರಡನೇ ಪಾಸ್ಕಲ್ ಅದರ ಮುಖ್ಯಸ್ಥ ಜೆರಾರ್ಡ್‌ಗೆ ಕೊಟ್ಟ ಮನ್ನಣೆಪತ್ರದಲ್ಲಿ ಗ್ರೀಕ್ ಮೂಲದ 'ಕ್ಸೆನೊಡೋಕಿಯಂ' ಎಂಬ ಪದವಿದೆ. ಅಂದರೆ ಪರವೂರಿನವರ ತಂಗುಮನೆ.

ದೂರದಿಂದ ಬಂದು ಹಾಸಿಗೆ ಹಿಡಿದವರ ಆರೈಕೆ ಈ ಛತ್ರದೊಳಗೇ ಬೆಳೆಯಿತು. ಪಂಥದ 1182ರ ಕಟ್ಟಳೆಗಳನ್ನು ಓದಿದರೆ ಅದರ ಅಚ್ಚುಕಟ್ಟು ಕಣ್ಣಿಗೆ ಕಟ್ಟುತ್ತದೆ. ನಾಲ್ವರು ವೈದ್ಯರು ಇರಬೇಕು, ಅವರಿಗೆ ಮೂತ್ರ ನೋಡಿ ರೋಗ ಗುರುತಿಸಲು ಬರಬೇಕು. ಮಂಚ ಮೈಚಾಚಿ ಮಲಗುವಷ್ಟು ಉದ್ದಗಲವಿರಬೇಕು, ಪ್ರತಿ ಮಂಚಕ್ಕೂ ಅದರದೇ ಹಾಸು, ಹೊದಿಕೆ. ಕಕ್ಕಸಿಗೆ ಹೋಗಿಬರಲು ಪ್ರತಿ ರೋಗಿಗೂ ಕುರಿಚರ್ಮದ ನಿಲುವಂಗಿ, ಬೂಟು, ಉಣ್ಣೆ ಟೋಪಿ. ಅಲ್ಲೇ ಹೆರಿಗೆಯಾದ ಯಾತ್ರಿಕ ಹೆಂಗಸರ ಕೂಸುಗಳಿಗೆ ಬೇರೆ ತೊಟ್ಟಿಲು. ಬಡ ರೋಗಿಗಳನ್ನು ಛತ್ರ ನಡೆಸುತ್ತಿದ್ದ ಹಾಸ್ಪಿಟಲರ್ ಸೋದರರು (ಪಂಥದ ಸನ್ಯಾಸಿಗಳು) 'ನಮ್ಮ ಒಡೆಯರು' ಎಂದೇ ಕರೆಯುತ್ತಿದ್ದರು. ಈ ಪಂಥದ ಜೀವಾಳ ನನಗೆ ಕಾಣುವುದು ಇಲ್ಲಿ, ಕೋಟೆಗಳಲ್ಲಿ ಅಲ್ಲ.

ಕತ್ತಿ ಆಮೇಲೆ ಬಂದದ್ದು. 1136ರಲ್ಲಿ ಜೆರುಸಲೇಮಿನ ನೈಋತ್ಯಕ್ಕಿದ್ದ ಬೇತ್‌ಗಿಬೆಲಿನ್ ಕೋಟೆ ಅವರ ಕೈಸೇರಿತು. ಯೋಧರ ಗುರುತು ಅಲ್ಲಿಂದೀಚೆಗೆ ಗಟ್ಟಿಯಾಯಿತು. ಹಾಗಾಗಿ ಜೆರಾರ್ಡ್‌ನ ಕಾಲದ ಮಾತಿಗೆ 'ಯೋಧ' ಸಲ್ಲದು. ಅದೇ ಕಾಲದ ಕ್ರೈಸ್ತ ಯೋಧ-ಸನ್ಯಾಸಿಗಳಾದ ಟೆಂಪ್ಲರರು ಬೇರೆಯದೇ ಪಂಥ; ಅನುವಾದಗಳಲ್ಲಿ ಇವೆರಡು ಆಗಾಗ ಕಲಸಿಹೋಗುತ್ತವೆ. ಸ್ಪೇನಿನ ಗ್ರಾನಡಾದಲ್ಲಿ 16ನೇ ಶತಮಾನದಲ್ಲಿ ಹುಟ್ಟಿದ ಇನ್ನೊಂದು ಪಂಥಕ್ಕೂ ಹಾಸ್ಪಿಟಲರ್ ಹೆಸರಿದೆ. ಅವರು ಎಂದೂ ಕತ್ತಿ ಹಿಡಿದವರಲ್ಲ, ರೋಗಿಗಳ ಸೇವೆಗೇ ನಿಂತವರು; ಅವರ ವಿಷಯದಲ್ಲಿ 'ಆಸ್ಪತ್ರೆ' ಎಂದರೆ ತಪ್ಪಿಲ್ಲ.

ನಿಮ್ಮ ಲೇಖನದಲ್ಲಿ ಮೊದಲ ಸಲ 'ಯಾತ್ರಿಕರ ಛತ್ರ ನಡೆಸುತ್ತಿದ್ದ ಸಂತ ಜಾನರ ಪಂಥದ ಹಾಸ್ಪಿಟಲರ್ ಸೋದರರು' ಎಂದು ಬಿಡಿಸಿ ಬರೆಯಿರಿ, ಮುಂದೆ 'ಹಾಸ್ಪಿಟಲರರು' ಸಾಕು. ಪ್ರಥಮ ಚಿಕಿತ್ಸೆ ಕಲಿಸುವ ಸೇಂಟ್ ಜಾನ್ ಆಂಬುಲೆನ್ಸ್‌ನ ಹೆಸರು, ಅದರ ಎಂಟು ಮೊನೆಯ ಬಿಳಿ ಶಿಲುಬೆ ಈ ಪಂಥದಿಂದಲೇ ಬಂದವು ಎಂದು ಒಂದು ಸಾಲು ಸೇರಿಸಿದರೆ ಓದುಗರಿಗೆ ಗುರುತು ಸಿಗುತ್ತದೆ.